ಬಾಕಿದಾರನನ್ನು ಜೈಲಿಗೆ ಹಾಕಿಸಲು ಹೋದದ್ದು

ಬನಹಟ್ಟಿಯ ನಮ್ಮ ಮನಿಗೆ ಹೊಂದಿಕೊಂಡ ಶೆಡ್ಡನ್ನು ಮಗ್ಗ ನಡೆಸುವವನೊಬ್ಬನಿಗೆ ಬಾಡಿಗಿ ಕೊಟ್ಟಿದ್ದೆ. ಅದು ಬಿಟ್ಟರೆ ನನಗೆ ಬೇರೆ ಗಳಿಕಿ ಇಲ್ಲ. ಅವನು ಕೊಡುವುದು ನಿಲ್ಲಿಸಿದಾಗ ಕೋರ್ಟಿಗೆ ಹೋದೆ. ಬಾಕಿ ಕೊಡು ಅಂತ ಜಡ್ಜ್ ಸಾಹೇಬರು ಹುಕುಂ ಮಾಡಿದರು. ಆದರೂ ಕೊಡಲಿಲ್ಲ. ಗ್ವಾಡಿಯಾಚೆ ಮಗ್ಗ ಖಟಖಟ ಅನ್ನುತ್ತಲೇ ಇದ್ದವು.

ಜಮಖಂಡಿಗೆ ಹೋಗಿ ವಕೀಲರಿಗೆ ಅಂದೆ, "ಕೋರ್ಟಿನ ಮಾತು ಮೀರ್ಯಾನ. ನ್ಯಾಯಾಂಗ ನಿಂದನೆ ಕೇಸ್ ಹಾಕ್ರಿ. ನಾಕ ದಿನ ಒಳಗ ಕುಂತರ ಬುದ್ಧಿ ಬರತೈತಿ."

"ಆಗೂದಿಲ್ಲ ಬೇ ಯವ್ವಾ. ಕೊಡತೇನಿ ಅಂತ ಅವನ ಕೋರ್ಟಿಗೆ ಬರದು ಕೊಟ್ಟು ತಪ್ಪಿದ್ರ ಆ ಮಾತು ಬ್ಯಾರೆ. ಅವ ಏನೂ ಬರದು ಕೊಟ್ಟಿಲ್ಲ. ಬರೇ ರೊಕ್ಕದ ಬಾಕಿ ಇದ್ರ ಜಪ್ತಿನ ಮಾಡಸಬೇಕು."

"ಹಂಗಾರ ಬಾಯಿ ಮುಚ್ಚಿ ನಿಂತವನ ಶಾಣ್ಯಾ ಆದ."

ವಕೀಲರು ನಕ್ಕರು. ನನಗೆ ನಗು ಬರಲಿಲ್ಲ. ಜಪ್ತಿಗೆ ಅರ್ಜಿ ಹಾಕಿಸಿದೆ.

ಕೋರ್ಟಿನ ಬೇಲಿಫರು ಬಂದು ಮಗ್ಗ ಜಪ್ತಿ ಮಾಡಿದರು. ಅಷ್ಟು ಭಾರದ್ದನ್ನು ಒಯ್ದು ಇಡಲು ಅವರಿಗೆ ಜಾಗ ಇರಲಿಲ್ಲ. ಶೆಡ್ಡಿನಲ್ಲೇ ಬಿಟ್ಟು ಬಾಗಿಲಿಗೆ ಸೀಲು ಹಾಕಿದರು.

"ಹರಾಜ ಆಗೂತನಾ ಯಾರೂ ಮುಟ್ಟೂಹಂಗಿಲ್ಲರಿ, ಅಜ್ಜಿ. ನೀವೂ ಸೈತ."

ಬಾಕಿದಾರ ಕೋರ್ಟಿನಲ್ಲಿ ತಕರಾರು ಹಾಕಿ ಹರಾಜು ತಡೆದ. ರಬಕವಿಯಲ್ಲಿ ಬೇರೆ ಶೆಡ್ಡು, ಬೇರೆ ಮಗ್ಗ ಹಿಡಿದು ಕೆಲಸ ಶುರು ಮಾಡಿದ. ನನ್ನ ಶೆಡ್ಡು ಕೇಳಲು ಬಂದವನೊಬ್ಬ ಸೀಲು ನೋಡಿ ತಿರುಗಿ ಹೋದ. ಒಡೆದು ತೆಗೆಯಲೇ ಅಂತ ವಕೀಲರನ್ನು ಕೇಳಿದೆ.

"ಹುಚ್ಚಿ ಹಂಗ ಮಾಡಬ್ಯಾಡ," ಅಂದರು. "ಅದು ಖರೆ ನಿಂದನೆ ಆಕ್ಕೈತಿ. ಒಳಗ ನೀನ ಹೋಗತಿ."