ಕೇಳದೆ ಬಿಟ್ಟ ಬೆಟ್ಟದ ಹೆಸರು

ನಮ್ಮ ತವರಿನಲ್ಲಿ ಹೊರಟವರನ್ನು ‘ಎಲ್ಲಿಗೆ?’ ಎಂದು ಕೇಳುವಂತಿರಲಿಲ್ಲ. ಕೇಳಿದರೆ ಹೋದ ಕೆಲಸ ಕೆಡುತ್ತದಂತೆ. ಚಿಕ್ಕವಳಿದ್ದಾಗ ಒಮ್ಮೆ ಬಾಯಿ ತಪ್ಪಿ ಕೇಳಿಬಿಟ್ಟಿದ್ದೆ. ಅಪ್ಪ ಬಾಗಿಲಿಂದ ವಾಪಸ್ ಬಂದು, ಚಪ್ಪಲಿ ಬಿಟ್ಟು, ಒಂದು ಲೋಟ ನೀರು ಕುಡಿದು, ಐದು ನಿಮಿಷ ಕೂತು ಮತ್ತೆ ಹೊರಟರು. ಆಮೇಲೆ ಅಜ್ಜಿಯಿಂದ ನನಗಾದ ಮಂಗಳಾರತಿ ಬೇರೆ. ತಿಳಿಯಲೇಬೇಕೆಂದರೆ ‘ದೂರ ಹೊರಟ್ರಾ?’ ಎನ್ನಬೇಕು, ಹೇಳುವ ಮನಸ್ಸಿದ್ದರೆ ಅವರೇ ಹೇಳುತ್ತಾರೆ. ಇದನ್ನೆಲ್ಲ ನಂಬುತ್ತೀಯಾ ಎಂದು ಯಾರಾದರೂ ಕೇಳಿದ್ದರೆ, ಎಂಎಸ್ಸಿ ಓದಿದವಳು ನಾನು, ಛೆ ಎನ್ನುತ್ತಿದ್ದೆ. ಆದರೆ ನನ್ನ ನಾಲಿಗೆ ನಂಬುತ್ತಿತ್ತು.

ತೊಂಬತ್ತರ ದಶಕದ ನಡುವೆ ನಾವು ಅಮೆರಿಕದ ಕ್ಯಾರಿ ಎಂಬ ಊರಿನಲ್ಲಿದ್ದೆವು. ನಮ್ಮವರು ಕಾರು ತೆಗೆದುಕೊಂಡು ಆಫೀಸಿಗೆ ಹೋದರೆಂದರೆ ಸಂಜೆಯವರೆಗೂ ನಾನು, ಪೈನ್ ಮರಗಳು ಮತ್ತು ಫೋನು. ಮಾತಾಡಲು ಆ ಮೂರರಲ್ಲಿ ಫೋನೇ ವಾಸಿ.

ನನ್ನ ತಮ್ಮ ಆಗ ನ್ಯೂಜಿಲೆಂಡಿನಲ್ಲಿ ಮಣ್ಣಿನ ಬಗ್ಗೆ ಸಂಶೋಧನೆ ಮಾಡುತ್ತಿದ್ದ. ಮೈಸೂರಿನಲ್ಲಿದ್ದಾಗ ಚಾಮುಂಡಿ ಬೆಟ್ಟದ ಮೆಟ್ಟಿಲು ಹತ್ತೋಣ ಬಾರೋ ಎಂದರೆ ಕಾಲು ನೋವು ಎನ್ನುತ್ತಿದ್ದ ಭೂಪ, ಅಲ್ಲಿ ಹೋಗಿ ಬೆಟ್ಟದ ಹುಚ್ಚು ಹಿಡಿಸಿಕೊಂಡ. ತಿಂಗಳಿಗೊಂದು ಪಿಕ್ಚರ್ ಕಾರ್ಡ್ ಬರುತ್ತಿತ್ತು. ಒಂದರಲ್ಲಿ ಮಂಡಿಯೆತ್ತರದ ಕಂದು ಹುಲ್ಲು, ಅದರಾಚೆ ಹಾಲು ಬೆರೆಸಿದಂಥ ನೀಲಿ ಸರೋವರ. ಇನ್ನೊಂದರಲ್ಲಿ ಹಿಮದಲ್ಲಿ ಕೂತ ಗಿಳಿ. ‘ಅಕ್ಕ, ಇದು ಬೂಟಿನ ಲೇಸು ಕದಿಯುತ್ತೆ’ ಎಂದು ಹಿಂದೆ ಬರೆದಿದ್ದ. ಅಲ್ಲಿನ ಎಲ್ಲಕ್ಕಿಂತ ಎತ್ತರದ ಶಿಖರ ಮೌಂಟ್ ಕುಕ್. ಅದರ ಚಿತ್ರವನ್ನು ನಾನು ಫ್ರಿಜ್‌ನ ಬಾಗಿಲಿಗೆ ಅಂಟಿಸಿದ್ದೆ.

ಜನವರಿಯ ಒಂದು ಶನಿವಾರ ಮಧ್ಯಾಹ್ನ ಅವನ ಫೋನು ಬಂತು. ಅಲ್ಲಿ ಆಗಲೇ ಭಾನುವಾರ ಬೆಳಗ್ಗೆ, ಅದೂ ಬೇಸಿಗೆ. ನಮ್ಮವರು ಮಲಗುವ ಕೋಣೆಯ ಇನ್ನೊಂದು ಫೋನು ಎತ್ತಿಕೊಂಡರು.

“ಅಕ್ಕ, ಬ್ಯಾಗ್ ಹೆಗಲ ಮೇಲೇ ಇದೆ. ಒಬ್ನೇ ಬೆಟ್ಟಕ್ಕೆ ಹೊರಟಿದೀನಿ. ಗುರುವಾರ ವಾಪಸ್.”

“ಎಲ್ಲಿಗೋ...” ಎಂದು ಇವರು ಶುರು ಮಾಡಿದರು.

“ರೀ, ಸುಮ್ನಿರಿ! ಹೊರಟೋನ್ನ ಹಾಗೆ ಕೇಳ್ತಾರಾ?” ಎಂದೆ.

ತಮ್ಮ ನಕ್ಕ. “ಇನ್ನೂ ಅದೇನಾ? ಹೇಳ್ತೀನಿ ಕೇಳು, ಆ ಕಣಿವೆ ಹೆಸರು...”

“ಬೇಡಪ್ಪಾ, ಬಂದ್ಮೇಲೆ ಹೇಳುವೆಯಂತೆ. ದೂರಾನಾ?”

“ದೂರಾನೇ.”

“ಹುಷಾರು. ಹೋಗ್ಬಿಟ್ಟು ಬಾ.”

ಮುಂದಿನ ಗುರುವಾರ ಮಧ್ಯಾಹ್ನ ನಾನು ಮನೆಯಲ್ಲಿ ಒಬ್ಬಳೇ ಇದ್ದೆ. ನ್ಯೂಜಿಲೆಂಡಿನಿಂದ ಒಬ್ಬ ಹೆಂಗಸು ಫೋನು ಮಾಡಿದಳು, ಬೆಟ್ಟದಲ್ಲಿ ಕಳೆದುಹೋದವರನ್ನು ಹುಡುಕುವ ತಂಡದವಳಂತೆ. ಅಲ್ಲಿ ಶುಕ್ರವಾರ ಬೆಳಗಾಗಿತ್ತು, ತಮ್ಮ ವಾಪಸಾಗಿರಲಿಲ್ಲ. ‘ಅಕ್ಕನಿಗೆ ಹೇಳಿದ್ದೇನೆ’ ಎಂದಷ್ಟೇ ರೂಮ್‌ಮೇಟ್‌ಗೆ ತಿಳಿಸಿ ಹೋಗಿದ್ದ.

“ಯಾವ ಕಣಿವೆ? ಯಾವ ದಾರಿ?” ಎಂದು ಅವಳು ಇಂಗ್ಲಿಷಿನಲ್ಲಿ ಮೆಲ್ಲಗೆ ಕೇಳಿದಳು.

ಅಯ್ಯೋ, ಗೊತ್ತಿಲ್ಲ ಎಂದು ಹೇಳಬಾರದಿತ್ತೇ? ಹಾಗೆ ಹೇಳಿದ್ದರೆ ಅವರು ಎಲ್ಲ ಕಡೆ ಹುಡುಕುತ್ತಿದ್ದರು. ಅಕ್ಕನಿಗೆ ಗೊತ್ತು ಎಂದು ಅವನು ಹೇಳಿ ಹೋಗಿರುವಾಗ ಗೊತ್ತಿಲ್ಲ ಎನ್ನಲು ನಾಚಿಕೆಯಾಯಿತು. ಕಣ್ಣು ಫ್ರಿಜ್ ಕಡೆ ಹೋಯಿತು. “ಮೌಂಟ್ ಕುಕ್” ಎಂದುಬಿಟ್ಟೆ. ಖಚಿತವೇ ಎಂದಳು. ಹೌದು ಎಂದೆ.

ಆಮೇಲಿನ ದಿನಗಳನ್ನು ಹೇಗೆ ಕಳೆದೆನೋ ಆ ದೇವರೇ ಬಲ್ಲ. ನಾನು ಹೋಗುತ್ತೇನೆ ಎಂದು ಹಟ ಹಿಡಿದೆ. ಹೋದರೆ ವೀಸಾ ಸ್ಟ್ಯಾಂಪ್ ಇಲ್ಲದೆ ವಾಪಸ್ ಅಮೆರಿಕದೊಳಗೆ ಬಿಡುವುದಿಲ್ಲ ಎಂದು ಇವರು ಪಾಸ್‌ಪೋರ್ಟ್ ತೆಗೆದು ತೋರಿಸಿದರು. ಹೋಗಿಯಾದರೂ ಏನು ಮಾಡುತ್ತಿದ್ದೆ? ಲೈಬ್ರರಿಯಿಂದ ಇವರು ತಂದ ಪುಸ್ತಕದಲ್ಲಿ ಆ ದ್ವೀಪದ ನಕ್ಷೆ ಅಂಗೈಯಗಲ ಇತ್ತು. ಅದರ ಉದ್ದಕ್ಕೂ ಬೆನ್ನುಮೂಳೆಯ ಹಾಗೆ ಬೆಟ್ಟಗಳು, ಒಂದೊಂದು ಬೆಟ್ಟಕ್ಕೆ ಎಷ್ಟೋ ಕಣಿವೆಗಳು. ಮರಗಳು ಒಂದು ಎತ್ತರಕ್ಕೆ ನಿಂತುಬಿಡುತ್ತವೆ, ಮೇಲೆ ಹುಲ್ಲು, ಅದರ ಮೇಲೆ ಬರೀ ಕಲ್ಲು, ಕಡೆಗೆ ಹಿಮ. ಬೇಸಿಗೆಯಲ್ಲೂ ಹಿಮ ಬೀಳಬಹುದು ಎಂದು ಬರೆದಿತ್ತು. ಓದಿ ಪುಸ್ತಕವನ್ನು ಮುಚ್ಚಿದೆ, ಮತ್ತೆ ತೆರೆದೆ. ಕಿಟಕಿಯಾಚೆ ಪಕ್ಕದ ಮನೆಯಾತ ಪೈನ್ ಎಲೆಗಳನ್ನು ಗುಡಿಸಿ ಗುಡ್ಡೆ ಹಾಕುತ್ತಿದ್ದ. ಅವನ ಮೇಲೂ ಸುಮ್ಮಸುಮ್ಮನೆ ಸಿಟ್ಟು ಬಂತು.

ಎರಡು ದಿನ ಅವರು ಮೌಂಟ್ ಕುಕ್ ಸುತ್ತಮುತ್ತಲೇ ಹುಡುಕಿದರು. ಮೂರನೆಯ ದಿನ ದಕ್ಷಿಣದ ಬೇರೊಂದು ಕಣಿವೆಯಿಂದ ಇಳಿದ ಚಾರಣಿಗನೊಬ್ಬ, ಅಲ್ಲಿ ತಂಗುವ ಗುಡಿಸಲಿನ ಹಾಜರಿ ಪುಸ್ತಕದಲ್ಲಿ ನನ್ನ ತಮ್ಮನ ಹೆಸರನ್ನು ನೋಡಿದ್ದಾಗಿ ತಿಳಿಸಿದ. ಅಂದೇ ತಮ್ಮ ಸಿಕ್ಕಿದ. ಮೂಳೆ ಮುರಿದ ಕಾಲಿನಲ್ಲಿ, ತೊರೆಯ ಪಕ್ಕದ ಬಂಡೆಯ ಕೆಳಗೆ, ಜೀವಂತ.

ಕೇಳಿದ ಕೂಡಲೇ ತುಪ್ಪದ ದೀಪ ಹಚ್ಚಿದೆ. ಮರುದಿನ ಅವನ ಎಡಗಾಲನ್ನು ಮಂಡಿಯ ಕೆಳಗೆ ತೆಗೆದರು ಎಂಬ ಸುದ್ದಿ ಬಂತು.

ವಾರದ ಮೇಲೆ ಆಸ್ಪತ್ರೆಯಿಂದ ಅವನೇ ಫೋನು ಮಾಡಿದ. ದನಿ ನಿಧಾನವಾಗಿತ್ತು.

“ಅಕ್ಕ, ಹೆಲಿಕಾಪ್ಟರ್ ಸದ್ದು ಕೇಳಿಸ್ತಿತ್ತು. ತುಂಬಾ ದೂರ. ಎರಡು ದಿನಾನೂ ಆ ಕಡೆಗೇ ಹೋಗ್ತಿತ್ತು.”

“ಹೂಂ.”

“ಆ ಎರಡು ದಿನ ಮುಂಚೆ ಸಿಕ್ಕಿದ್ರೆ ಕಾಲು ಉಳೀತಿತ್ತಂತೆ.”

ನಾನು ಫ್ರಿಜ್ ಬಾಗಿಲಿನ ಚಿತ್ರವನ್ನು ಕಿತ್ತು ಮಗುಚಿಟ್ಟೆ.

“ನಿಂಗೆ ಹೆಸರು ಹೇಳಿದೀನಿ ಅಂತ್ಲೇ ಅಂದ್ಕೊಂಡಿದ್ದೆ. ಏನೋಪ್ಪಾ, ಈ ಔಷಧೀಲಿ ತಲೆ ಎಲ್ಲಾ ಮಂಜು ಮಂಜು. ಅವಸರದಲ್ಲಿ ಹೇಳ್ಲೇ ಇಲ್ಲ ಅನ್ಸುತ್ತೆ. ನಂದೇ ತಪ್ಪು. ಹೇಳಿರ್ಲಿಲ್ಲ, ಅಲ್ವಾ ಅಕ್ಕ?”

ನಮ್ಮವರು ಅಡುಗೆಮನೆಯ ಬಾಗಿಲಲ್ಲಿ ನಿಂತು ನನ್ನನ್ನೇ ನೋಡುತ್ತಿದ್ದರು.

“ಇಲ್ಲ ಕಣೋ,” ಎಂದೆ, “ನೀನು ಹೇಳಿರ್ಲಿಲ್ಲ.”