ಚಿಲಕದಕ್ಕ

ಮೊಬೈಲ್ ರಿಪೇರಿ ಅಂಗಡಿಯ ಒಡತಿಗೆ ಗಿರಾಕಿಗಳು ಇಟ್ಟ ಹೆಸರು ಚಿಲಕದಕ್ಕ. ಬ್ಲೂಟೂತ್ ಆಫ್ ಮಾಡಿ, ಹಿಂದೆ ಜೋಡಿಸಿಕೊಂಡಿದ್ದ ಕಾರು, ಸ್ಪೀಕರುಗಳ ಹೆಸರನ್ನೆಲ್ಲ ಅಳಿಸದೆ ಆಕೆ ಯಾರ ಫೋನನ್ನೂ ವಾಪಸು ಕೊಡುತ್ತಿರಲಿಲ್ಲ. "ಮನೆಗೆ ಚಿಲಕ ಹಾಕ್ತೀರಿ, ಇದನ್ನ ಮಾತ್ರ ಹಾರುಹೊಡೆದು ಇಡ್ತೀರಿ. ಪಕ್ಕದಲ್ಲಿ ಕೂತೋನು ನಂಬರೆಲ್ಲ ಎಳ್ಕೊಂಡು ಹೋಗ್ತಾನೆ" ಎಂಬ ಬೈಗುಳ ಬಿಟ್ಟಿ.

ತಂಗಿಯ ಫೋನೊಂದನ್ನು ಮಾತ್ರ ಆಕೆ ಹಾಗೆ ನೋಡಿರಲಿಲ್ಲ. ತಂಗಿಯ ಗಂಡನೆಂಬ ಮಹಾನುಭಾವ ಅದೇ ಫೋನಿನಿಂದ ಹೊಡೆದು ಹೆಂಡತಿಯ ದವಡೆ ಮುರಿದಿದ್ದ. ಮಗಳನ್ನೆತ್ತಿಕೊಂಡು ಓಡಿಬಂದವಳಿಗೆ ಅಕ್ಕ ದೂರದ ಬಡಾವಣೆಯಲ್ಲಿ ಮನೆ ಹುಡುಕಿದಳು, ಸಿಮ್ ಬದಲಿಸಿದಳು, ಪರದೆಯ ಸಂದಿನಿಂದ ರಕ್ತ ಒರೆಸಿದಳು. ಆ ಗಡಿಬಿಡಿಯಲ್ಲಿ ಹಳೆಯ ಜೋಡಣೆಗಳನ್ನು ಅಳಿಸುವುದು ಮರೆತೇ ಹೋಯಿತು.

ಅವನು ವಾರಕ್ಕೊಮ್ಮೆ ಅಂಗಡಿಯೆದುರು ಕಾರು ನಿಲ್ಲಿಸಿ, "ಎಲ್ಲಿಟ್ಟಿದೀಯ ಅವಳನ್ನ?" ಎಂದು ಕೇಳುತ್ತಿದ್ದ. ಆಕೆ ತಲೆಯೆತ್ತದೆ "ಗೊತ್ತಿಲ್ಲ" ಎನ್ನುತ್ತಿದ್ದಳು. ಒಂದು ಮಧ್ಯಾಹ್ನ ತಂಗಿ ಚಾರ್ಜರಿಗೆಂದು ಬಂದು ಒಳಕೋಣೆಯಲ್ಲಿದ್ದಾಗಲೇ ಅವನೂ ಬಂದ. ಅಕ್ಕ ಎಂದಿನಂತೆ ಗೊತ್ತಿಲ್ಲವೆಂದಳು. ಹೋಗಿ ಕಾರಿನಲ್ಲಿ ಕೂತವನು ಐದು ನಿಮಿಷಕ್ಕೆ ನಗುತ್ತಾ ಮರಳಿದ.

"ಅವಳ ಫೋನು ನನ್ನ ಕಾರನ್ನ ಮರೆತಿಲ್ಲ. ತಾನಾಗೇ ಸೇರ್ಕೊಂಡು ನಂಬರೆಲ್ಲ ಕಕ್ಕಿದೆ. ಶಿಶುವಿಹಾರದ ಟೀಚರ್ದೂ ಇದೆ, ವಿಳಾಸದ ಸಮೇತ. ಅವಳು ಒಳಗೇ ಬಿದ್ದಿರ್ಲಿ. ನಾನು ಮಗಳನ್ನ ಕರ್ಕೊಂಡು ಹೋಗ್ತೀನಿ."

ಊರಿಗೆಲ್ಲ ಬುದ್ಧಿ ಹೇಳುವವಳು ಒಡಹುಟ್ಟಿದವಳ ವಿಷಯದಲ್ಲೇ ಎಡವಿದ್ದಳು. ಕಾದ ಬೆಸುಗೆ ಕಡ್ಡಿಯನ್ನು ಅವನ ಮುಂಗೈಗೆ ಒತ್ತಿದಳು, ಚರ್ಮ ಚುರ್ರೆಂದಿತು. ಅವನು ಆಕೆಯ ಕೂದಲು ಹಿಡಿದು ಮುಖವನ್ನು ಗಾಜಿನ ಕಪಾಟಿಗೆ ಅಪ್ಪಳಿಸಿದ, ಒಮ್ಮೆಯಲ್ಲ, ಎರಡು ಸಲ. ಹಣೆಗೆ ಗಾಜು ಇಳಿಯಿತು. ಕಣ್ಣಿಗೆ ರಕ್ತ ಬಂದರೂ ಆಕೆ ಅವನ ಹಿಂದೆಯೇ ಓಡಿ ಕಾರಿನ ಬಾಗಿಲ ಸಂದಿಗೆ ಕೈಯಿಟ್ಟಳು. ಅವನು ಬಾಗಿಲನ್ನು ಕೈಯ ಮೇಲೆಯೇ ಜಡಿದ, ಮತ್ತೆ ಜಡಿದ. ಮೂಳೆ ಮುರಿದ ಸದ್ದು ಇಬ್ಬರಿಗೂ ಕೇಳಿಸಿತು. ಆಕೆ ಕೈ ತೆಗೆಯಲಿಲ್ಲ.

ಒಳಗೆ ತಂಗಿ ಶಿಶುವಿಹಾರಕ್ಕೆ ಫೋನ್ ಮಾಡುತ್ತಿದ್ದಳು. ಅವಳ ಕಿವಿಗೆ ಏನೂ ಕೇಳಿಸಲಿಲ್ಲ. ಟೀಚರ್ ಮಾತಾಡಿದ್ದು, ಫೋನು ಸೇರಿಕೊಂಡಿದ್ದ ಕಾರಿನ ಸ್ಪೀಕರಿನಲ್ಲಿ: "ಹಲೋ, ಹೇಳಿ ಮೇಡಂ."

ಅಕ್ಕನಿಗೆ ಥಟ್ಟನೆ ಹೊಳೆಯಿತು. ಕಾರಿನೊಳಗೆ ತಲೆ ತೂರಿಸಿ ಕೂಗಿದಳು: "ಬಾಗಿಲಿಗೆ ಚಿಲಕ ಹಾಕಿ. ಅವರಪ್ಪ ಬಂದ್ರೂ ಮಗುನ ಕೊಡ್ಬೇಡಿ. ಪೊಲೀಸ್ ಕರೀರಿ."

ಅಕ್ಕಪಕ್ಕದ ಅಂಗಡಿಯವರು ಅವನನ್ನು ಎಳೆದು ಕೆಡವಿ, ಪೊಲೀಸರು ಬರುವವರೆಗೆ ಬೆನ್ನ ಮೇಲೆ ಕೂತರು.

ಆಕೆಯ ಬಲಗೈಯ ಎರಡು ಬೆರಳು ಈಗ ಮಡಚುವುದಿಲ್ಲ. ಬೈಯುವುದೂ ನಿಂತಿದೆ. ಫೋನಿನಲ್ಲಿರುವ ಹಳೆಯ ಜೋಡಣೆಗಳನ್ನು ತೋರಿಸಿ, "ಇದ್ರಲ್ಲಿ ನೀವು ಹೆದರೋರು ಯಾರಾದ್ರೂ ಇದಾರಾ?" ಎಂದು ಮೆಲ್ಲಗೆ ಕೇಳುತ್ತಾಳೆ. ಕೆಲವು ಹೆಂಗಸರು ಸುತ್ತ ನೋಡಿ, ಹೌದು ಎನ್ನುತ್ತಾರೆ.