ಅಕ್ಕನ ಕೈಗುಣ

ಕೇಳಿ ಮಕ್ಕಳೇ, ನಾನು ಚಿಕ್ಕವನಿದ್ದಾಗ ಜಂಗಮಕೋಟೆಯ ನಮ್ಮ ಮನೆಯಲ್ಲಿ ಮಕ್ಕಳಿಗಿಂತ ರೇಷ್ಮೆ ಹುಳುಗಳಿಗೇ ಮರ್ಯಾದೆ ಹೆಚ್ಚು. ನಡುಮನೆ ತುಂಬ ಹುಳುಗಳ ಬಿದಿರು ತಟ್ಟೆಗಳು. ನಾವು ಮಲಗುತ್ತಿದ್ದುದು ಜಗಲಿಯಲ್ಲಿ. ಹುಳುಗಳಿಗೆ ಘಾಟು, ಘಮ ಯಾವುದೂ ಆಗದು. ಅಪ್ಪ ಬೀದಿಯಲ್ಲೇ ಬೀಡಿ ಸೇದಿ, ಬಾಯಿ ಮುಕ್ಕಳಿಸಿ ಒಳಗೆ ಬರುತ್ತಿದ್ದರು. ಅಕ್ಕ ಮುಡಿದ ಮಲ್ಲಿಗೆಯನ್ನು ಹೊರಗೆ ತೆಗೆದಿಟ್ಟು ಹುಳುಗಳಿಗೆ ಹಿಪ್ಪುನೇರಳೆ ಸೊಪ್ಪು ಹಾಕಲು ಹೋಗುತ್ತಿದ್ದಳು. ಹುಳುಗಳೆಂದರೆ ಅವಳಿಗೆ ಪ್ರಾಣ.

ಒಂದು ದಿನ ಚಿಕ್ಕಪ್ಪನ ಜೊತೆ ಶಿಡ್ಲಘಟ್ಟಕ್ಕೆ ಹೋಗಿದ್ದೆ. ನಮ್ಮ ರೇಷ್ಮೆಗೂಡು ಕೊಳ್ಳುತ್ತಿದ್ದ ಸಾಬರ ಮನೆಯಲ್ಲಿ ಮದುವೆ. ಅವರು ಪ್ರೀತಿಯಿಂದ ನನ್ನ ಎರಡೂ ಕೈಗೆ ಮಲ್ಲಿಗೆ ಅತ್ತರು ಸವರಿದರು. ಅಬ್ಬಾ, ಎಂಥ ಘಮ. ದಾರಿಯುದ್ದಕ್ಕೂ ಕೈ ಮೂಸಿಕೊಂಡೇ ಬಂದೆ. ಊರು ಸೇರುತ್ತಲೇ ಚಿಕ್ಕಪ್ಪ, "ಮೊದ್ಲು ಕೈ ತೊಳ್ಕೊಳೋ" ಎಂದು ಬಾವಿಯತ್ತ ಹೋದರು. ಹೂಂ ಅಂದೆ, ತೊಳೆಯಲು ಮನಸ್ಸು ಬರಲಿಲ್ಲ. ಹಾಗೇ ಒಳಗೆ ನುಗ್ಗಿ ಎರಡು ತಟ್ಟೆಗೆ ಬಾಚಿ ಬಾಚಿ ಸೊಪ್ಪು ಹಾಕಿದೆ.

ಬೆಳಗ್ಗೆ ಆ ಎರಡು ತಟ್ಟೆಗಳ ಹುಳುಗಳು ತಲೆ ಎತ್ತಲಿಲ್ಲ. ಸೊಪ್ಪು ಹಾಗೇ ಬಾಡಿತ್ತು. ಅಪ್ಪ ಅದನ್ನು ಮೂಸಿ ನೋಡಿ ಅಕ್ಕನನ್ನು ಕರೆದರು.

"ಮಲ್ಲಿಗೆ ವಾಸ್ನೆ ಬರ್ತೈತೆ. ಹೂ ಮುಡ್ಕೊಂಡೇ ಒಳಗೆ ಹೋಗಿದ್ದೇನೇ?"

"ಇಲ್ಲಪ್ಪ, ತೆಗ್ದಿಟ್ಟೇ ಹೋಗಿದ್ದು."

"ನಿನ್ ಕೈಗುಣಾನೇ ಸರಿಯಿಲ್ಲ. ಇನ್ಮೇಲೆ ಹುಳದ ಹತ್ರ ಬರ್ಬೇಡ."

ಆಗ ನಾನು ಹಿತ್ತಲಲ್ಲಿ ಬೂದಿ ಹಚ್ಚಿ ಕೈ ಉಜ್ಜಿಕೊಳ್ಳುತ್ತಿದ್ದೆ. ಎಲ್ಲ ಮಾತೂ ಕೇಳಿಸುತ್ತಿತ್ತು. ಬಾಯಿ ಬಿಡಲಿಲ್ಲ. ಹೇಡಿ, ಇನ್ನೇನು ಹೇಳಲಿ.

ಅಕ್ಕ ಅಪ್ಪನ ಮಾತನ್ನು ನಂಬಿಬಿಟ್ಟಳು. ಅವಳು ಮದುವೆಯಾಗಿ ಸೇರಿದ ಮನೆಯಲ್ಲೂ ಹುಳು ಸಾಕುತ್ತಿದ್ದರು. ಅಲ್ಲೂ ತಟ್ಟೆ ಮುಟ್ಟಲಿಲ್ಲ. ತವರಿಗೆ ಬಂದರೆ ಬಾಗಿಲಲ್ಲೇ ನಿಂತು, "ಬೇಡಪ್ಪ, ನನ್ ಕೈ ತಗುಲಿದ್ರೆ ಕೆಡ್ತವೆ" ಎನ್ನುತ್ತಿದ್ದಳು. ಪ್ರತಿ ಸಲವೂ ನಿಜ ನಾಲಿಗೆ ತುದಿಗೆ ಬರುತ್ತಿತ್ತು, ನುಂಗಿಕೊಳ್ಳುತ್ತಿದ್ದೆ. ಹೇಳುವ ಮೊದಲೇ ಅವಳು ತೀರಿಕೊಂಡಳು. ಇಂದಿಗೂ ಎಲ್ಲಾದರೂ ಅತ್ತರಿನ ವಾಸನೆ ಬಂದರೆ ಆ ಬೆಳಗು, ಆ ಬಾಡಿದ ಸೊಪ್ಪು, ಅಕ್ಕನ ಮುಖ ಎಲ್ಲವೂ ಕಣ್ಣೆದುರು ನಿಲ್ಲುತ್ತವೆ. ಮುಖ ಎಲ್ಲಿ ಮುಚ್ಚಿಕೊಳ್ಳಲಿ ಅನ್ನಿಸುತ್ತದೆ.

ಈಗ ಹುಳುಗಳಿಗೆ ತೋಟದಲ್ಲೇ ಬೇರೆ ಶೆಡ್ಡು. ನಿಮಗೆ ಮಲಗಲು ಕೋಣೆ, ಮಂಚ. ಮೈತುಂಬ ಸೆಂಟು ಹೊಡೆದುಕೊಂಡರೂ ಕೇಳುವವರಿಲ್ಲ. ಅದಕ್ಕೆಲ್ಲ ನನಗೆ ಹೊಟ್ಟೆಕಿಚ್ಚಿಲ್ಲ. ಆದರೆ ಮೊನ್ನೆ ನನ್ನ ಕನ್ನಡಕ ಮುರಿದಾಗ ನಾನು ಚಿಕ್ಕವಳನ್ನು ಗದರಿಸುತ್ತಿದ್ದಂತೆ, ನಿಮ್ಮಲ್ಲಿ ದೊಡ್ಡವನು ಮುಂದೆ ಬಂದು, "ತಾತ, ಅವಳಲ್ಲ, ನಾನೇ ಮುರಿದಿದ್ದು" ಎಂದ. ನಾನು ಎದ್ದು ಒಳಗೆ ಹೋದೆ. ಅದು ಕೋಪವಲ್ಲ, ಮಕ್ಕಳೇ. ನಿಮ್ಮೆದುರು ಕೂರಲು ನಾಚಿಕೆಯಾಯಿತು.